ಎಡ ಹೆಗಲಿನ ಗುದ್ದಲಿ

"ಕೂತ್ಕೊಳ್ಳಿ ಸಾರ್" ಎಂದರೆ ಅವರಿಗೆ ಬೈದಷ್ಟು ಕೋಪ ಬರುತ್ತಿತ್ತು. ಹಲಸೂರಿನ ಬಜಾರ್ ಬೀದಿಯಲ್ಲಿ, ಪಾತ್ರೆ ಅಂಗಡಿಯೊಂದರ ಮಹಡಿಯಲ್ಲಿ, ನಮ್ಮದೊಂದು ವಿಡಿಯೋ ಮಿಕ್ಸಿಂಗ್ ಕೋಣೆ ಇತ್ತು. ನಮ್ಮ ಯಜಮಾನರು ಮದುವೆಗಳಿಗೆ ಹೋಗಿ ಕ್ಯಾಮೆರಾ ಹಿಡಿಯುತ್ತಿದ್ದರು. ಅವರು ತಂದು ಸುರಿದ ಕ್ಯಾಸೆಟ್ಟುಗಳನ್ನು ಕತ್ತರಿಸಿ, ಜೋಡಿಸಿ, ಹಾಡು ಹಾಕಿ, ಗಂಡುಹೆಣ್ಣನ್ನು ಗುಲಾಬಿ ಹೂವಿನೊಳಗೆ ಕೂರಿಸುವ ಕೆಲಸ ನನ್ನದು. ಕೋಣೆಯಲ್ಲಿ ಎರಡು ಕುರ್ಚಿಗಳಿದ್ದವು. ಒಂದರಲ್ಲಿ ನಾನು. ಇನ್ನೊಂದರಲ್ಲಿ ವರ್ಷಗಟ್ಟಲೆ ಈ ಸಾರಿನ ಹೆಗಲ ಚೀಲ ಕೂತಿತ್ತೇ ಹೊರತು ಅವರು ಕೂರಲಿಲ್ಲ.

ಸಾರು ಹೋದ ತಿಂಗಳು ತೀರಿಕೊಂಡರಂತೆ. ಇಂದಿರಾನಗರದ ಗ್ಯಾಲರಿಯೊಂದರಿಂದ ಹುಡುಗಿಯೊಬ್ಬಳು ಫೋನ್ ಮಾಡಿ, "ಮೇಡಂ, ನಿಮ್ಮ ಹತ್ರ ಅವರ ಒಂದು ಒಳ್ಳೇ ಫೋಟೋ ಇರಬಹುದಾ?" ಎಂದು ಕೇಳಿದಾಗಲೇ ನನಗೆ ಸುದ್ದಿ ಗೊತ್ತಾದದ್ದು. ಹುಡುಕಿದೆ. ಸಿಕ್ಕವು ಎರಡು. ಒಂದರಲ್ಲಿ ಬಾಗಿಲಾಚೆ ಹೋಗುತ್ತಿರುವ ಬೆನ್ನು. ಇನ್ನೊಂದರಲ್ಲಿ ಮುಖ ಇದೆ, ಆದರೆ ಅಲುಗಾಡಿ ಕಲಸಿದ ಹಿಟ್ಟಾಗಿದೆ. ಆ ಹುಡುಗಿ ಅವರನ್ನು ಆರ್ಕೈವ್ ಕಲಾವಿದರು, ಅಂದರೆ ಹಳೇ ಚಿತ್ರಗಳಿಂದ ಕಲೆ ಮಾಡುವವರು, ಎಂದಳು. ನಮ್ಮ ಬೀದಿಯಲ್ಲಿ ಯಾರೂ ಹಾಗೆ ಕರೆದದ್ದು ನಾನು ಕೇಳಿಲ್ಲ. ಕೆಳಗಿನ ಪಾತ್ರೆ ಅಂಗಡಿಯವರಿಗೆ ಅವರು "ಹಳೇ ರೀಲ್ ಸಾರು".

ಮೊದಲ ಸಲ ಬಂದಾಗ ಬಾಗಿಲಲ್ಲೇ ನಿಂತು, "ಅಕ್ಕಾ, ವೇಸ್ಟ್ ಇದೆಯಾ?" ಎಂದಿದ್ದರು. ನನಗಿಂತ ಹತ್ತು ಹದಿನೈದು ವರ್ಷ ದೊಡ್ಡವರು, ಗಡ್ಡದಲ್ಲಿ ಬಿಳಿ ಕಾಣುತ್ತಿತ್ತು. ಆದರೂ ನಾನು ಅಕ್ಕ. ಹಳೇ ಪೇಪರಿನವರೇನೋ ಅಂದುಕೊಂಡು, "ಪೇಪರೆಲ್ಲ ನಿನ್ನೇನೇ ಹಾಕ್ಬಿಟ್ವಿ" ಎಂದೆ. ಅವರಿಗೆ ಬೇಕಾಗಿದ್ದದ್ದು ಮದುವೆ ಕ್ಯಾಸೆಟ್ಟುಗಳಿಂದ ನಾನು ಕಿತ್ತು ಬಿಸಾಡುತ್ತಿದ್ದ ತುಣುಕುಗಳು. ಮೂಗಿನಲ್ಲಿ ಬೆರಳಿಟ್ಟ ಮಗು, ಸಾಂಬಾರಿನ ಕೊಳಗದ ಪಕ್ಕ ಬೆವರು ಒರೆಸಿಕೊಳ್ಳುವ ಅಡುಗೆಯವನು, ಕ್ಯಾಮೆರಾ ತನ್ನ ಕಡೆ ತಿರುಗಿದ್ದು ಗೊತ್ತಾಗದೆ ಪಕ್ಕದವಳ ಸರವನ್ನು ಕಣ್ಣಲ್ಲೇ ತೂಗುತ್ತಿರುವ ಹೆಂಗಸು. ಇಂಥದ್ದನ್ನೆಲ್ಲ ತೆಗೆದುಕೊಂಡು ಹೋಗಿ, ಶಿವಾಜಿನಗರದ ಗುಜರಿಯಲ್ಲಿ ಸಿಕ್ಕ ಹಳೇ ಫಿಲ್ಮುಗಳ ಜೊತೆ ಸೇರಿಸಿ ಏನೇನೋ ಮಾಡುತ್ತಿದ್ದರು. ಒಂದು ಕಾಲೇಜಿನಲ್ಲಿ ಚಿತ್ರಕಲೆ ಪಾಠ ಹೇಳಿ ಬಂದ ಸಂಬಳವನ್ನೆಲ್ಲ ಅದಕ್ಕೇ ಸುರಿಯುತ್ತಿದ್ದರು.

ಗುಜರಿಯ ಭಾಯಿ ಒಬ್ಬರು ಫಿಲ್ಮು ಕರಗಿಸಿ ಬೆಳ್ಳಿ ತೆಗೆಯುವವರಿಗೆ ಡಬ್ಬಗಳನ್ನು ತೂಕಕ್ಕೆ ಮಾರುತ್ತಿದ್ದರಂತೆ. ಇವರು ಹೋಗಿ ಅಡ್ಡ ನಿಂತು, ಒಂದೊಂದೇ ಡಬ್ಬ ಬಿಚ್ಚಿ ಬಿಸಿಲಿಗೆ ಹಿಡಿದು ನೋಡುತ್ತಿದ್ದರು. ಭಾಯಿಗೆ ತಾಳ್ಮೆ ಕೆಟ್ಟು, "ಅರೇ ಸಾಬ್, ಇದ್ರಲ್ಲಿ ಹೀರೋ ಇಲ್ಲ, ಹೀರೋಯಿನ್ ಇಲ್ಲ, ಏನೂ ಇಲ್ಲ. ಬರೀ ಜನ!" ಎಂದರಂತೆ. ಆ ಮಾತು ಇವರಿಗೆ ಎಷ್ಟು ಇಷ್ಟವಾಯಿತೆಂದರೆ ಆಮೇಲೆ ಒಳ್ಳೆಯ ರೀಲು ಸಿಕ್ಕಾಗಲೆಲ್ಲ ಮೆಟ್ಟಿಲು ಹತ್ತುತ್ತಲೇ ಕೂಗುತ್ತಿದ್ದರು: "ಅಕ್ಕಾ, ಬರೀ ಜನ!"

ಇಂಥವರ ಜೊತೆ ಕೆಲಸ ಮಾಡುವುದು ಸುಲಭವಲ್ಲ. ನಿಲ್ಲಿಸಿ, ಹಿಂದಕ್ಕೆ ಬನ್ನಿ, ಇನ್ನೂ ಒಂದೇ ಒಂದು ಫ್ರೇಮ್ ಹಿಂದಕ್ಕೆ, ಅಯ್ಯೋ ದಾಟಿಹೋಯ್ತು ಎನ್ನುತ್ತಾ ನನ್ನ ಕುರ್ಚಿಯ ಹಿಂದೆ ಅತ್ತಿಂದಿತ್ತ ತಿರುಗುತ್ತಿದ್ದರು. ಟೀ ತರಿಸಿದರೆ ಅರ್ಧ ಕುಡಿದು ಕಿಟಕಿಯಲ್ಲಿಟ್ಟು ಮರೆಯುತ್ತಿದ್ದರು. ಬಸ್ಸಿನಲ್ಲಿ ಸೀಟು ಖಾಲಿ ಇದ್ದರೂ ಕಂಬಿ ಹಿಡಿದು ನಿಂತು, ಟ್ರಾಫಿಕ್ಕಿನಲ್ಲಿ ಬಸ್ಸು ಎರಡು ನಿಮಿಷ ನಿಂತರೆ ಇಳಿದು ನಡೆಯುತ್ತಿದ್ದರು. "ನಿಮ್ಮ ಕಾಲಿಗೆ ಶನಿ ಕಟ್ಟಿದೆ ಸಾರ್" ಎಂದು ನಾನು ರೇಗಿಸಿದರೆ, "ಶನಿ ನಿಧಾನ ಅಕ್ಕಾ, ನನ್ನ ಹಿಂದೆ ಓಡೋಕೆ ಅವನ ಕೈಲಾಗಲ್ಲ" ಎನ್ನುತ್ತಿದ್ದರು. ತಮಾಷೆ ಏನೆಂದರೆ, ಇಷ್ಟು ಅವಸರದ ಮನುಷ್ಯನ ಚಿತ್ರಗಳು ಮಾತ್ರ ಆಮೆಗಿಂತ ನಿಧಾನ. ಯಾರೋ ಅನಾಮಿಕರು ಕತ್ತು ತಿರುಗಿಸುವುದನ್ನು ಅವರು ಒಂದು ಹಾಡಿನಷ್ಟು ಹೊತ್ತು ಎಳೆಯಬಲ್ಲವರಾಗಿದ್ದರು.

ಹಳೇ ಫಿಲ್ಮನ್ನು ಕ್ಯಾಸೆಟ್ಟಿಗೆ ಇಳಿಸಲು ಅವರ ಬಳಿ ದೊಡ್ಡ ಯಂತ್ರವೇನೂ ಇರಲಿಲ್ಲ. ಕಮ್ಮನಹಳ್ಳಿಯ ಬಾಡಿಗೆ ಕೋಣೆಯಲ್ಲಿ ಒಂದು ಮರದ ಚೌಕಟ್ಟಿಗೆ ಬಟರ್ ಪೇಪರ್ ಅಂಟಿಸಿ, ಈ ಕಡೆಯಿಂದ ಪ್ರೊಜೆಕ್ಟರಿನಲ್ಲಿ ಬೆಳಕು ಬಿಟ್ಟು, ಆ ಕಡೆಯಿಂದ ವಿಡಿಯೋ ಕ್ಯಾಮೆರಾದಲ್ಲಿ ತುಂಬಿಕೊಳ್ಳುತ್ತಿದ್ದರು. ಕಾಗದದ ಹಿಂದಿನಿಂದ ನೋಡಿದರೆ ಚಿತ್ರ ಕನ್ನಡಿಯಲ್ಲಿ ಕಂಡ ಹಾಗೆ ಇರುತ್ತದೆ, ಎಡ ಬಲವಾಗಿ, ಬಲ ಎಡವಾಗಿ. ಅದನ್ನು ನೆಟ್ಟಗೆ ಮಾಡಲು ನನ್ನ ಮಿಕ್ಸರಿನಲ್ಲಿ ಒಂದು ಗುಂಡಿ ಇತ್ತು. ಅಂಗಡಿಯ ಬೋರ್ಡೋ ಬಸ್ಸಿನ ನಂಬರೋ ಉಲ್ಟಾ ಕಂಡ ಕೂಡಲೇ ಅವರು "ತಿರುಗಿಸಿ" ಎನ್ನುತ್ತಿದ್ದರು, ನಾನು ಒತ್ತುತ್ತಿದ್ದೆ. ಆ ಗುಂಡಿ ನಾನು ಜೋಡಿಸಿದ ಒಂದು ಮದುವೆ ಕ್ಯಾಸೆಟ್ಟು ಕೆಡಿಸಿತ್ತು. ಚಂದ ಕಾಣಲೆಂದು ಗಂಡುಹೆಣ್ಣನ್ನು ಕನ್ನಡಿ ಮಾಡಿದ್ದೆ. ತಾಳಿ ಕಟ್ಟಿಸಿಕೊಂಡು ಗಂಡನ ಎಡಕ್ಕೆ ಬಂದು ಕೂತ ಸೊಸೆ ಟಿವಿಯಲ್ಲಿ ಬಲಕ್ಕೆ ಹೋಗಿದ್ದಾಳೆ ಎಂದು ಗಂಡಿನ ಕಡೆಯವರು ನಮ್ಮ ಮನೆಗೆ ಬಂದು ಜಗಳ ತೆಗೆದಿದ್ದರು. ಅದನ್ನು ಕೇಳಿ ಸಾರು ಗೋಡೆ ಹಿಡಿದುಕೊಂಡು ನಕ್ಕಿದ್ದರು.

ತೊಂಬತ್ತರ ದಶಕ ಮುಗಿಯುವ ಹೊತ್ತಿನಲ್ಲಿ ಒಂದು ಮಧ್ಯಾಹ್ನ ಬಂದವರು "ಬರೀ ಜನ" ಎನ್ನಲಿಲ್ಲ. ಏದುಸಿರು ಬಿಡುತ್ತಾ, "ಅಕ್ಕಾ, ನಮ್ಮ ಕೆರೆ!" ಎಂದರು.

ಅವರ ಊರು ರಾಮಮೂರ್ತಿ ನಗರದಿಂದ ಇನ್ನೂ ಆಚೆ. ಈಗ ಅದು ಊರಲ್ಲ, ಬಾಡಿಗೆ ಮನೆಗಳ ನಡುವೆ ಸಿಕ್ಕಿಕೊಂಡ ನಾಲ್ಕು ಓಣಿ. ಹಿಂದೆ ಅಲ್ಲಿ ಕೆರೆ ಇತ್ತು. ಅವರಪ್ಪ ಆ ಕೆರೆಯ ನೀರುಗಂಟಿ, ಅಂದರೆ ತೂಬು ಎತ್ತಿ ಗದ್ದೆಗಳಿಗೆ ನೀರು ಹಂಚುವವರು. ಇವರು ಚಿಕ್ಕವರಿದ್ದಾಗ ಏರಿ ಒಡೆದು, ನೀರು ಹರಿಸಿ, ಬಡಾವಣೆ ಮಾಡಿದರು. ಊರಿನವರು ಅದರ ಬಗ್ಗೆ ಹೇಳುತ್ತಿದ್ದದ್ದು ಒಂದೇ ಮಾತು: "ನಮ್ಮೋರು ಯಾರೂ ಏರಿ ಮುಟ್ಲಿಲ್ಲ, ಹೊರಗಿನೋರು ಬಂದು ಒಡೆದ್ರು." ಈಗ ಅದೇ ದಿನದ ಚಿತ್ರ ಗುಜರಿಯಲ್ಲಿ ಸಿಕ್ಕಿತ್ತು. ಯಾರೋ ಇಂಜಿನಿಯರು ತಮ್ಮ ಸಂತೋಷಕ್ಕೆ ತೆಗೆದದ್ದಿರಬೇಕು, ಅರ್ಧ ರೀಲಿನಲ್ಲಿ ಅವರ ಮನೆಯವರ ಪಿಕ್ನಿಕ್ಕೇ ಇತ್ತು.

ಉಳಿದರ್ಧ ಸಣ್ಣದು. ಏರಿಯ ಮೇಲೆ ಜನ, ಟೋಪಿ ಹಾಕಿದ ಇಬ್ಬರು ಅಧಿಕಾರಿಗಳು, ಬುಟ್ಟಿ ಹೊತ್ತು ಬರುವ ಹೆಂಗಸರು. ನಡುವೆ ರುಮಾಲು ಸುತ್ತಿದ ಒಬ್ಬ ಗಂಡಸು ಗುದ್ದಲಿ ಎತ್ತುತ್ತಾನೆ. ಎಡ ಹೆಗಲಿನ ಮೇಲಿಂದ ಬೀಸಿ ಹೊಡೆಯುತ್ತಾನೆ. ಮಣ್ಣು ಜಾರುತ್ತದೆ, ನೀರು ನುಗ್ಗುತ್ತದೆ. ರುಮಾಲಿನ ನೆರಳಲ್ಲಿ ಅವನ ಮುಖ ಕಾಣುವುದೇ ಇಲ್ಲ. ಆ ಇಡೀ ರೀಲಿನಲ್ಲಿ ಒಂದೇ ಒಂದು ಅಕ್ಷರ ಇದ್ದಿದ್ದರೆ ಮುಂದಿನದ್ದು ಯಾವುದೂ ಆಗುತ್ತಿರಲಿಲ್ಲ. ಏರಿಗೆ ಬೋರ್ಡು ಯಾರು ಹಾಕುತ್ತಾರೆ? ಸಾರು "ತಿರುಗಿಸಿ" ಎನ್ನಲಿಲ್ಲ.

ಆ ತುಣುಕಿಗೆ ಅವರು ತಿಂಗಳುಗಟ್ಟಲೆ ಅಂಟಿಕೊಂಡರು. ಗುದ್ದಲಿ ಏಳುವುದು, ಇಳಿಯುವುದು, ಮತ್ತೆ ಏಳುವುದು. ನಿಧಾನ ಮಾಡಿದರು, ಮದುವೆ ಮನೆಗಳ ಮುಖಗಳನ್ನು ಅದರ ಮೇಲೆ ತೇಲಿಸಿದರು. ಹೊಡೆಯುವ ಮುಂಚೆ ಆ ಮನುಷ್ಯ ಸುಮ್ಮನೆ ನಿಂತಿದ್ದ ಭಾಗವನ್ನು ಮಾತ್ರ ಕಿತ್ತು ಹಾಕಿಸಿದರು. "ಬೆವರು ಒರೆಸ್ಕೊಳ್ತಾ ನಿಂತಿದಾನೆ, ಎಳೆದಾಟ. ತೆಗೀರಿ ಅಕ್ಕಾ." ನಿಧಾನವೇ ದೇವರು ಅನ್ನುತ್ತಿದ್ದವರಿಗೆ ಇಲ್ಲಿ ಮಾತ್ರ ಯಾಕೆ ಈ ಆತುರ ಎಂದು ನನಗನ್ನಿಸಿತ್ತು. ಕೇಳಲು ಅವರು ನಿಲ್ಲಬೇಕಲ್ಲ.

ಆ ವರ್ಷ ಅವರೂರಿನ ಗಣೇಶನ ಪೆಂಡಾಲಿನಲ್ಲಿ ಅದನ್ನು ತೋರಿಸಿದರು. ಪ್ರೊಜೆಕ್ಟರ್, ವಿಸಿಆರ್ ಎಲ್ಲ ನಮ್ಮದೇ ಆದ್ದರಿಂದ ನಾನೂ ಯಜಮಾನರೂ ಹೋಗಿದ್ದೆವು. ಕೆರೆ ಕಂಡ ಕೂಡಲೇ ಜನ ಹೋ ಎಂದರು. ಅಗೋ ಹುಣಸೇಮರ, ಅಗೋ ತೂಬು, ಅಗೋ ನಮ್ಮತ್ತೆ! ಆಮೇಲೆ ಗುದ್ದಲಿ ಎದ್ದಿತು. ಹಿಂದಿನಿಂದ ಒಬ್ಬ ಕೂಗಿದ: "ಲೇ, ಎಡಗೈಲಿ ಹೊಡೀತವ್ನೆ ಕಣ್ರೋ! ನಮ್ಮೂರಲ್ಲಿ ಎಡಚ ಇರೋದು ಒಬ್ನೇ ಅಲ್ವಾ?"

ತಲೆಗಳೆಲ್ಲ ಒಂದೇ ಕಡೆ ತಿರುಗಿದವು. ಅಲ್ಲಿ ಕಂಬಕ್ಕೆ ಒರಗಿ ಒಬ್ಬ ಮುದುಕರು ಎಲೆಯಡಿಕೆ ಹಾಕಿಕೊಳ್ಳುತ್ತಿದ್ದರು, ಎಡಗೈಯಲ್ಲೇ ಸುಣ್ಣ ಹಚ್ಚುತ್ತಾ. ಊರಿಗೆಲ್ಲ ಅವರು ಎಡಚ ತಾತ. ಹಳೇ ಏರಿಯ ಮೇಲೆ, ಈಗ ಎರಡು ಕಾಂಪೌಂಡುಗಳ ನಡುವೆ ಉಳಿದಿರುವ ಗಂಗಮ್ಮನ ಪುಟ್ಟ ಗುಡಿಗೆ ಅವರೇ ಪೂಜಾರಿ. ಉಣ್ಣುವುದು ಮತ್ತು ಮಂಗಳಾರತಿ ಎರಡು ಮಾತ್ರ ಬಲಗೈಯಲ್ಲಿ, ಉಳಿದ ಬದುಕೆಲ್ಲ ಎಡಗೈಯಲ್ಲಿ ಎಂದು ಊರಿನವರು ಅವರನ್ನು ಹಾಸ್ಯ ಮಾಡುತ್ತಿದ್ದರಂತೆ. ತಾತ ಎಲೆ ಮಡಿಸಿ ಬಾಯಿಗಿಟ್ಟುಕೊಂಡು, ಹೆಂಡತಿಯ ಕೈ ಹಿಡಿದು ಎದ್ದು ಹೋದರು.

ವಾರದೊಳಗೆ ಗುಡಿಯ ಬೀಗದ ಕೈ ಅವರಿಂದ ಕಿತ್ತುಕೊಂಡರು. ಕೆರೆ ಒಡೆದ ಕೈ ಗಂಗಮ್ಮನ್ನ ಮುಟ್ಟೋದು ಹೆಂಗೆ ಎಂದರಂತೆ. ಟೀ ಅಂಗಡಿಯ ಬೆಂಚಿನಲ್ಲಿ ಅವರು ಕೂತರೆ ಉಳಿದವರು ಏಳುತ್ತಿದ್ದರಂತೆ. ಇದನ್ನೆಲ್ಲ ಸಾರೇ ಬಂದು ನನಗೆ ಹೇಳಿದರು, ಕಣ್ಣು ಮಿನುಗಿಸುತ್ತಾ. "ಇತಿಹಾಸ ಬಾಯಿ ಬಿಡ್ತು ಅಕ್ಕಾ! ಮೂವತ್ತು ಚಿಲ್ಲರೆ ವರ್ಷದ ಸುಳ್ಳು ಒಂದೇ ಗುದ್ದಲಿಗೆ ಒಡೀತು."

"ಸಾರ್, ಪಾಪ ಮುದುಕ."

"ಪಾಪ ಪುಣ್ಯ ನೋಡೋದು ನನ್ನ ಕೆಲಸ ಅಲ್ಲ."

ನನಗೆ ಮೈ ಉರಿಯಿತು. "ಹಾಗಾದ್ರೆ ನಿಮ್ಮ ಕೆಲಸ ನೀವೇ ಕುಯ್ಕೊಳ್ಳಿ" ಎಂದು ಮಿಕ್ಸರ್ ಆರಿಸಿ ಮನೆಗೆ ಹೋದೆ. ಆಮೇಲೆ ಎರಡು ವಾರ ಅವರ ಮುಖ ಕಂಡರೆ ಆಗುತ್ತಿರಲಿಲ್ಲ. ತೀರಿಕೊಂಡವರ ಬಗ್ಗೆ ಬರೆಯುವಾಗ ಎಲ್ಲರನ್ನೂ ದೇವರು ಮಾಡುವ ಅಭ್ಯಾಸವಿದೆ, ನಾನು ಮಾಡುವುದಿಲ್ಲ. ಆ ದಿನ ಅವರು ಕೆಟ್ಟದಾಗಿ ಕಂಡರು.

ಮತ್ತೆ ಅವರು ಮೆಟ್ಟಿಲು ಹತ್ತಿ ಬಂದದ್ದು ಒಬ್ಬರೇ ಅಲ್ಲ. ಹಿಂದೆ ಎಡಚ ತಾತನ ಹೆಂಡತಿ, ಮಂಡಿ ಹಿಡಿದುಕೊಂಡು ಒಂದೊಂದೇ ಮೆಟ್ಟಿಲು ಹತ್ತುತ್ತಿದ್ದರು. ಬುಟ್ಟಿ ಹೊತ್ತ ಹೆಂಗಸರಲ್ಲಿ ತಾನೂ ಇದ್ದೇನೆ, ಜನರ ಗಲಾಟೆಯಲ್ಲಿ ಸರಿಯಾಗಿ ಕಾಣಲಿಲ್ಲ, ಇನ್ನೊಂದು ಸಲ ನೋಡಲೇಬೇಕು ಎಂದು ಅಜ್ಜಿ ಸಾರನ್ನು ದಾರಿಯಲ್ಲಿ ತಡೆದು ಹಟ ಮಾಡಿದ್ದರಂತೆ. ಗಂಡನಿಗೆ ಆದ ಅವಮಾನದ ಬಗ್ಗೆ ಒಂದು ಮಾತೂ ಇಲ್ಲ. ನಾನು ಅಜ್ಜಿಯನ್ನು ನನ್ನ ಕುರ್ಚಿಯಲ್ಲಿ ಕೂರಿಸಿ, ಬುಟ್ಟಿಯ ಹೆಂಗಸು ಬಂದ ಕಡೆ ಚಿತ್ರ ನಿಲ್ಲಿಸಿದೆ.

ಅಜ್ಜಿ ಪರದೆಗೆ ಮೂಗು ತಾಗಿಸಿ ನೋಡಿದರು. ಮೊದಲು ನಕ್ಕರು. ಆಮೇಲೆ ಹುಬ್ಬು ಗಂಟಿಕ್ಕಿದರು.

"ಇದ್ಯಾಕವ್ವ ನನ್ನ ಸೆರಗು ಈ ಕಡೆ ಹೆಗಲ ಮ್ಯಾಲೈತೆ? ನಾನೇನು ಬಲಕ್ಕೆ ಸೆರಗಾಕೋ ಮಾರ್ವಾಡಿ ಸೇಟಮ್ಮನಾ?"

ನಾನು ಬಾಯಿ ತೆರೆಯುವ ಮೊದಲೇ ಸಾರು ನನ್ನ ಭುಜದ ಮೇಲಿಂದ ಕೈ ಚಾಚಿ ಆ ಗುಂಡಿ ಒತ್ತಿದರು. ಹುಣಸೇಮರ ಆ ಕಡೆಯಿಂದ ಈ ಕಡೆಗೆ ಬಂತು. ಸೆರಗು ಎಡಕ್ಕೆ ಬಂತು. ಹಿಂದಕ್ಕೆ ಓಡಿಸಿದರು. ಗುದ್ದಲಿ ಈಗ ಬಲ ಹೆಗಲಿನ ಮೇಲಿಂದ ಇಳಿಯಿತು, ಊರಿನ ಉಳಿದೆಲ್ಲ ಗಂಡಸರು ಹೊಡೆಯುವ ಹಾಗೆ.

"ಈಗ ಸರಿ ಹೋಯ್ತು" ಎಂದರು ಅಜ್ಜಿ, ತಮ್ಮ ಸೆರಗಿನ ಬಗ್ಗೆ.

"ಅಜ್ಜೀ, ಹಾಗಾದ್ರೆ ಇವರ್ಯಾರು?" ಸಾರು ಗುದ್ದಲಿಯವನ ಮೇಲೆ ಬೆರಳಿಟ್ಟರು.

ಅಜ್ಜಿ ಎದ್ದು ನಿಂತರು. "ನಮ್ ಎಜಮಾನ್ರನ್ನ ಕೇಳ್ಕೊ. ನಂಗೆ ಬಾಯಿ ಬಿಡ್ಬ್ಯಾಡ ಅಂದವ್ರೆ."

ಮಾರನೆಯ ಬೆಳಿಗ್ಗೆ ಸಾರು ನನ್ನನ್ನೂ ಎಳೆದುಕೊಂಡು ಹೊರಟರು. "ನೀವೂ ಬನ್ನಿ ಅಕ್ಕಾ. ನಾನೊಬ್ನೇ ಹೋದ್ರೆ ಅರ್ಧದಲ್ಲಿ ಎದ್ದು ಓಡಿಬರ್ತೀನಿ." ತಾತ ಹೊಸಿಲ ಹೊರಗೆ ಕೂತು ತೆಂಗಿನ ಕಡ್ಡಿಯ ಪೊರಕೆ ಕಟ್ಟುತ್ತಿದ್ದರು. ಸಾರು ನಿಂತಲ್ಲೇ ಕೇಳಿದರು. ತಾತ ಗಂಟು ಬಿಗಿಯುವುದನ್ನು ನಿಲ್ಲಿಸಲಿಲ್ಲ.

"ನಿಮ್ಮಪ್ಪ ಕಣಪ್ಪ."

ತಾತ ಇನ್ನೊಂದು ಹಿಡಿ ಕಡ್ಡಿ ತೆಗೆದುಕೊಂಡರು.

"ನೀರುಗಂಟಿ ಮುಟ್ಟದಲೆ ಏರಿ ಮ್ಯಾಲೆ ಇನ್ನೊಬ್ಬ ಗುದ್ದಲಿ ಮಡಗಂಗಿಲ್ಲ. ಮಡಗಿದ್ರೆ ಗಂಗಮ್ಮ ಊರು ನುಂಗ್ತಾಳೆ. ಆಪೀಸ್ನೋರು ಕೂಲಿಯೋರ್ನ ಕರ್ಕಂಡ್ ಬಂದಿದ್ರು, ಅವ್ರೂ ಹೆದರ್ಕಂಡು ನಿಂತ್ಬಿಟ್ರು. ಆಗ ಊರೋರೆಲ್ಲ ಸೇರಿ ನಿಮ್ಮಪ್ಪಂಗೆ ಹೇಳಿದ್ವಿ, ಮೊದಲ್ನೇ ಏಟು ನೀನೇ ಹಾಕ್ಬುಡು ಅಂತ. ಕೆರೆ ಹೋದ್ರೆ ಸೈಟು ಬತ್ತವೆ ಅಂತ ಎಲ್ರಿಗೂ ಆಸೆ."

"ಹೇಳಿದ್ವಿ ಅಂದ್ರೆ, ನೀವೂನಾ?"

"ನಾನೂ ಇದ್ನಲ್ಲ."

"ಮತ್ತೆ ಅವತ್ತು ಪೆಂಡಾಲಲ್ಲಿ ಯಾಕೆ ಸುಮ್ನಿದ್ರಿ? ಬೀಗದ ಕೈ ಕಿತ್ಕೊಂಡಾಗ್ಲಾದ್ರೂ ಹೇಳ್ಬಾರ್ದಿತ್ತಾ ತಾತ, ಅದು ನಾನಲ್ಲ ಅಂತ?"

ತಾತ ತಲೆಯೆತ್ತಿ ನೋಡಿದರು. "ನಿಮ್ಮಪ್ಪ ಸತ್ತೋಗವ್ನೆ. ಸತ್ತೋರು ತಿರುಗಿ ಮಾತಾಡಕ್ಕಾಯ್ತದಾ? ನಾನಾದ್ರೆ ಬದುಕಿವ್ನಿ. ಬೈಸ್ಕೋಬೋದು."

ವಾಪಸು ಬರುವಾಗ ಸಾರು ಎರಡು ಸಲ ಬಸ್ಸಿಳಿದರು, ಎರಡು ಸಲವೂ ನಾನು ಬೈದುಕೊಂಡು ಇಳಿದೆ. ಕೆ.ಆರ್. ಪುರಂ ರಸ್ತೆಯ ಧೂಳಿನಲ್ಲಿ ಲಾರಿಗಳ ಪಕ್ಕ ನಡೆಯುತ್ತಾ ಒಮ್ಮೆಲೇ ಹೇಳಿದರು: "ನಮ್ಮನೆಗೆ ನಲ್ಲಿ ಬಂದ್ಮೇಲೆ ಅಪ್ಪ ಒಂದಿನಾನೂ ತಾನಾಗಿ ತಿರುಗಿಸ್ಲಿಲ್ಲ ಅಕ್ಕಾ. ಬಾಯಾರಿದ್ರೂ ಯಾರನ್ನಾದ್ರೂ ಕೂಗೋರು, ನೀರು ಬಿಡ್ರೋ ಅಂತ. ಸೋಮಾರಿ ಮುದುಕ ಅಂತ ನಾನೇ ರೇಗ್ತಿದ್ದೆ." ಅಷ್ಟು ಹೇಳಿ ರಸ್ತೆಯಲ್ಲೇ ಅತ್ತುಬಿಟ್ಟರು, ನಡಿಗೆ ನಿಲ್ಲಿಸದೆ. ನನಗೂ ತಡೆಯಲಾಗಲಿಲ್ಲ. ಅವರ ಮೇಲಿದ್ದ ಸಿಟ್ಟು ಅಲ್ಲೆಲ್ಲೋ ಉದುರಿಹೋಯಿತು.

ಕೋಣೆಗೆ ಬಂದವರೇ ಕೇಳಿದ್ದು, "ಅಕ್ಕಾ, ಕಿತ್ತು ಹಾಕಿದ್ವಲ್ಲ, ಆ ಭಾಗ ಇದೆಯಾ?" ಮೂಲ ಕ್ಯಾಸೆಟ್ಟಿನಲ್ಲಿತ್ತು. ನೆಟ್ಟಗೆ ತಿರುಗಿಸಿ ಹಾಕಿದೆ. ಬೆವರು ಒರೆಸಿಕೊಳ್ಳುತ್ತಿದ್ದಾನೆ ಎಂದು ನಾವು ತಿಳಿದಿದ್ದವನು ಬೆವರು ಒರೆಸಿಕೊಳ್ಳುತ್ತಿರಲಿಲ್ಲ. ಗುದ್ದಲಿಯ ಮರದ ಕಾವನ್ನು ಎರಡೂ ಕಣ್ಣಿಗೆ ಒತ್ತಿಕೊಳ್ಳುತ್ತಿದ್ದ. ಆಮೇಲೆ ತಿರುಗಿ, ಹಿಂದೆ ನಿಂತಿದ್ದ ಊರಿನವರ ಕಡೆ ನೋಡುತ್ತಾ ನಿಂತ. ಸುಮಾರು ಹೊತ್ತು ನಿಂತ. ಊರಿನವರು ನೆಲ ನೋಡುತ್ತಿದ್ದರು. ಟೋಪಿಯ ಅಧಿಕಾರಿ ಕೈ ಬೀಸಿದ ಮೇಲೆ ಏರಿಯ ಕಡೆ ತಿರುಗಿದ.

ದೀಪಾವಳಿ ಕಳೆದ ಮೇಲೆ ಒಂದು ಸಂಜೆ, ಊರಿನ ರಾಮಮಂದಿರದ ಅಂಗಳದಲ್ಲಿ ಎರಡನೆಯ ಸಲ ತೋರಿಸಿದೆವು. ಬೀಗದ ಕೈ ವಿಷಯ ಮೊದಲೇ ಹೇಳಿಬಿಡುತ್ತೇನೆ, ಅದು ಆಮೇಲೆ ತಾತನಿಗೆ ವಾಪಸು ಬಂತು. ಆದರೆ ಸುಲಭವಾಗಿ ಬರಲಿಲ್ಲ. ಸಾರು ಪರದೆಯ ಮುಂದೆ ನಿಂತು, "ಹೋದ ಸಲ ತೋರಿಸಿದ್ದು ಉಲ್ಟಾ ಆಗಿತ್ತು. ತಪ್ಪು ನನ್ನದು. ಗುದ್ದಲಿ ಹಿಡಿದಿರೋದು ತಾತ ಅಲ್ಲ, ನಮ್ಮಪ್ಪ" ಎಂದರೆ ಯಾರೂ ನಂಬಲಿಲ್ಲ.

"ಕಂಪ್ಯೂಟ್ರಲ್ಲಿ ಏನ್ ಬೇಕಾದ್ರೂ ಮಾಡ್ಬೋದು ಬಿಡಪ್ಪ" ಎಂದ ಒಬ್ಬ.

"ಮುದುಕನ್ನ ಉಳಿಸಕ್ಕೆ ಅಪ್ಪನ ಮ್ಯಾಲೆ ಹಾಕ್ಕೊಂಡವ್ನೆ. ಒಳ್ಳೆ ಮನ್ಸ" ಎಂದ ಇನ್ನೊಬ್ಬ ಹಿರಿಯ. ಹಿರಿಯರಿಗೆಲ್ಲ ನಿಜ ಗೊತ್ತಿತ್ತು, ನೆಲ ನೋಡುತ್ತಾ ನಿಂತವರು ಅವರೇ. ಸುಳ್ಳು ಹೇಳಿ ಬೈಸಿಕೊಳ್ಳುವುದು ಸುಲಭ. ನಿಜ ಹೇಳಿದ್ದಕ್ಕೆ ಹೊಗಳಿಸಿಕೊಂಡು ನಿಂತ ಆ ಮನುಷ್ಯನ ಮುಖ ನನಗೆ ಇವತ್ತಿಗೂ ಮರೆಯಲಾಗಿಲ್ಲ.

ಆಗ ಅಜ್ಜಿ ಎದ್ದರು. ಪರದೆಯ ಬೆಳಕಿಗೆ ಹೋಗಿ ನಿಂತು, ತಮ್ಮ ಹೆಗಲು ಒಮ್ಮೆ, ಚಿತ್ರದ ಹೆಗಲು ಒಮ್ಮೆ ತಟ್ಟಿದರು. "ನೋಡ್ರೇ, ಸೆರಗು ನೋಡ್ರೇ! ಅವತ್ತಿನ ಪಿಚ್ಚರ್ನಾಗೆ ಎಲ್ರ ಸೆರಗೂ ಬಲಗಡೆ ಇತ್ತಲ್ಲ, ನಿಮ್ಮತ್ತೇರು ಯಾವತ್ತಾದ್ರೂ ಹಂಗೆ ಉಟ್ಟಿದ್ರೇನ್ರೇ?" ಹೆಂಗಸರ ಸಾಲಿನಲ್ಲಿ ಕೈಗಳು ತಮ್ಮ ತಮ್ಮ ಹೆಗಲು ಮುಟ್ಟಿ ನೋಡಿಕೊಂಡವು. ಒಬ್ಬಳು ನಕ್ಕಳು, ಆಮೇಲೆ ಎಲ್ಲರೂ. ನಗು ನಿಂತಾಗ ಗಂಡಸರು ಯಾರೂ ಕಂಪ್ಯೂಟರಿನ ಮಾತು ಎತ್ತಲಿಲ್ಲ.

ಸಾರು ನನಗೆ ಸನ್ನೆ ಮಾಡಿದರು. ಹೋದ ಸಲ ಕಿತ್ತು ಹಾಕಿದ್ದ ಭಾಗವನ್ನು ಬಿಟ್ಟೆ. ಅವರಪ್ಪ ಗುದ್ದಲಿಯ ಕಾವನ್ನು ಕಣ್ಣಿಗೆ ಒತ್ತಿಕೊಂಡರು. ತಿರುಗಿದರು. ಅಲ್ಲಿಗೆ ನಿಲ್ಲಿಸಬೇಕೆಂದು ಮೊದಲೇ ಹೇಳಿದ್ದರು, ನಿಲ್ಲಿಸಿದೆ. ರುಮಾಲಿನ ನೆರಳಿನ ಆ ಮುಖ ಅಂಗಳದಲ್ಲಿ ಕೂತವರನ್ನೇ ನೋಡುತ್ತಿತ್ತು.

"ಅಪ್ಪ ಕಾಯ್ತಿದಾರೆ" ಎಂದರು ಸಾರು. "ನಿಮ್ಮಲ್ಲಿ ಯಾರಾದ್ರೂ ಒಂದ್ಮಾತು ಹೇಳ್ತೀರೇನೋ ಅಂತ."

ಯಾರೂ ಹೇಳಲಿಲ್ಲ. ಹಿರಿಯರಲ್ಲಿ ಒಬ್ಬರು ಕೆಮ್ಮಿದರು, ಒಬ್ಬರು ಚಪ್ಪಲಿ ಹುಡುಕತೊಡಗಿದರು. ನನಗೆ ಪರದೆ ಆರಿಸಿ ಓಡಿಹೋಗೋಣ ಅನ್ನಿಸಿತು.

ಆಮೇಲೆ ಕತ್ತಲಿನಿಂದ ಎಡಚ ತಾತನ ದನಿ ಬಂತು. ಎದ್ದು ನಿಂತಿದ್ದರು.

"ಬ್ಯಾಡ ಕಣ್ಲಾ. ಇಳಿ ಕೆಳೀಕೆ. ನಮ್ಗೆ ಸೈಟು ಬ್ಯಾಡ."

ಹಿಂದಿನ ಸಾಲಿನಲ್ಲಿ ಇನ್ನೊಬ್ಬ ಮುದುಕರು, ಕುಗ್ಗಿದ ದನಿಯಲ್ಲಿ, "ಬ್ಯಾಡ ಕಣಪ್ಪ" ಎಂದರು.

ಸಾರು ಬಹಳ ಹೊತ್ತು ಕಾದರು. ಮೂರನೆಯವರು ಯಾರೂ ಏಳಲಿಲ್ಲ. ಕೊನೆಗೆ ನನ್ನ ಕಡೆ ನೋಡದೆಯೇ, "ಬಿಡಿ ಅಕ್ಕಾ" ಎಂದರು.

ನಾನು ಚಿತ್ರ ಓಡಿಸುವ ಗುಂಡಿ ಒತ್ತಿದೆ. ಗುದ್ದಲಿ ಇಳಿಯಿತು.